ಅತ್ತೆಯ ಜಗಲಿಗೆ ಮೂವತ್ತು ದಿನ

ಮಿಡಿಗೇಶಿ ಹತ್ತಿರದ ಊರಿಗೆ ನಾನು ಸೊಸೆಯಾಗಿ ಬಂದದ್ದು ಅರವತ್ತರ ದಶಕದ ಮೊದಲಲ್ಲಿ. ಕೊರಟಗೆರೆಯಲ್ಲಿ ಎಂಟನೇ ತರಗತಿ ಪಾಸು ಮಾಡಿದ್ದೆ. ಗಂಡ ಪಾವಗಡದ ಕಡೆ ಮೇಷ್ಟ್ರು, ರಜೆಗಷ್ಟೇ ಬರುವವರು. ಮನೆಯಲ್ಲಿ ಇದ್ದದ್ದು ನಾನು, ಅತ್ತೆ ಮತ್ತು ಬಾಗಿಲ ಪಕ್ಕದ ಕಲ್ಲಿನ ಜಗಲಿ. ಅತ್ತೆ ನನಗಿಂತ ಜಗಲಿಯ ಜೊತೆಗೇ ಹೆಚ್ಚು ಹೊತ್ತು ಕಳೆಯುತ್ತಿದ್ದುದರಿಂದ ಅದನ್ನೂ ಮನೆಮಂದಿಗೆ ಸೇರಿಸಿದ್ದೇನೆ.

ಎದುರು ಮನೆಯ ಯಜಮಾನರು ಹೊಸ ಎತ್ತಿನ ಗಾಡಿ ಮಾಡಿಸಿದರು. ತಿರುಗಿಸುವಾಗಲೆಲ್ಲ ಅದರ ಚಕ್ರ ನಮ್ಮ ಜಗಲಿಯ ಮೂಲೆಗೆ ಉಜ್ಜುತ್ತಿತ್ತು. ಅವರು ಪಂಚಾಯ್ತಿಗೆ ದೂರು ಕೊಟ್ಟರು. ಜಗಲಿ ಬೀದಿಯ ಜಾಗದಲ್ಲಿದೆ, ಪೂರ್ತಿ ತೆಗೆಯಬೇಕು ಎಂದು ಪಂಚಾಯ್ತಿ ಆರ್ಡರು ಮಾಡಿತು. ಒಪ್ಪದವರು ಆರ್ಡರಿನ ಕಾಗದ ಕೈ ಸೇರಿದ ಮೂವತ್ತು ದಿನದೊಳಗೆ ಮಧುಗಿರಿಯ ದೊಡ್ಡ ಕಚೇರಿಗೆ ಅಪೀಲು ಹಾಕಬಹುದಂತೆ.

ಅಕ್ಷರ ಬಾರದ ಅತ್ತೆ ಕಾನೂನಿನ ತಿರುಳನ್ನು ಥಟ್ಟನೆ ಹಿಡಿದುಬಿಟ್ಟರು. "ಕಾಗ್ದ ಕೈಗೆ ಬಂದ್ರೆ ತಾನೆ ದಿನ ಸುರುವಾಗಾದು? ನಾನು ಮುಟ್ಟಾದೇ ಇಲ್ಲ ಬುಡು."

ಪಂಚಾಯ್ತಿ ಜವಾನ ಮೊದಲ ಸಲ ಬಂದಾಗ ಅತ್ತೆ ಮುದ್ದೆ ಕಟ್ಟುತ್ತಿದ್ದರು. ಎರಡನೇ ಸಲ ಅವನನ್ನು ಕಂಡೊಡನೆ ತಲೆಗೆ ಹರಳೆಣ್ಣೆ ಸುರಿದುಕೊಂಡರು. "ಎಣ್ಣೆ ಕೈ ಕಣಪ್ಪ, ಸರ್ಕಾರದ ಕಾಗ್ದ ಕೆಟ್ಟೋಯ್ತದೆ!" ಮೂರನೇ ಸಲ ಹಿತ್ತಲಿಗೆ ಓಡಿ ಹುಲ್ಲಿನ ಬಣವೆಯ ಹಿಂದೆ ಕೂತರು. ಪಾಪ, ಜವಾನ ಬೆವರು ಒರೆಸಿಕೊಂಡು ನನ್ನತ್ತ ತಿರುಗಿದ. "ನೀವು ಓದಿರೋರಂತಲ್ಲ ತಾಯಿ, ಇಲ್ಲೊಂದು ರುಜು ಹಾಕ್ಬುಡಿ."

ಓದಿರೋರು! ಮದುವೆಯಾದ ಮೇಲೆ ಆ ಮಾತನ್ನು ಯಾರೂ ಆಡಿರಲಿಲ್ಲ. ಸೆರಗಿಗೆ ಕೈ ಒರೆಸಿಕೊಂಡು ಗುಂಡಗೆ ಹೆಸರು ಬರೆದೆ. ಕೆಳಗೊಂದು ಬಳ್ಳಿಯಂಥ ಗೀಟನ್ನೂ ಎಳೆದೆ.

ತಲೆಯಲ್ಲಿ ಹುಲ್ಲು ಸಿಕ್ಕಿಸಿಕೊಂಡೇ ಅತ್ತೆ ಒಳಗೆ ಬಂದರು. ವಿಷಯ ಕೇಳಿ ಹಣೆ ಚಚ್ಚಿಕೊಂಡರು. "ಮೂರು ವಾರದಿಂದ ನಾನು ಓಡುಸ್ತಾ ಇದ್ದುದ್ದ ನೀನು ಮಣೆ ಹಾಕಿ ಕೂರುಸ್ಬುಟ್ಟಲ್ಲೇ!"

ನಾನು ಒಲೆಯ ಮುಂದೆ ಕೂತು ಕಣ್ಣೀರು ಹಾಕಿದೆ. ಸ್ವಲ್ಪ ಹೊತ್ತಿಗೆ ಅತ್ತೆ ನನ್ನ ಗಂಡನ ಮಸಿಕುಡಿಕೆ, ಲೇಖನಿ ತಂದು ಮುಂದಿಟ್ಟರು. "ರುಜು ಹಾಕ್ದೋಳೇ ಅಪೀಲೂ ಬರಿ."

ಬರೆಯುವುದೇನೂ ಸುಲಭವಾಗಲಿಲ್ಲ. ಜಗಲಿಯ ಮೇಲೆ ಮಾವನವರು ಎಲೆಯಡಿಕೆ ಹಾಕುತ್ತಿದ್ದುದು, ನಾದಿನಿಯನ್ನು ನೋಡಲು ಬಂದ ಬೀಗರು ಮೊದಲು ಕೂತದ್ದು, ಎಲ್ಲ ಅದರಲ್ಲಿ ಬರಬೇಕು ಎಂದು ಅತ್ತೆಯ ಹಟ. ನಾನು ಹೊಡೆದುಹಾಕುವುದು, ಅವರು ಓದಿಸಿ ಕೇಳಿ ಮತ್ತೆ ಸೇರಿಸುವುದು. ಹೀಗೆ ಇಪ್ಪತ್ತಾರು ದಿನ ಕಳೆದವು. ಆಮೇಲೆ ಅಮಾವಾಸ್ಯೆ ಅಡ್ಡ ಬಂತು, ಮಾರನೆಯ ದಿನ ಹಸು ಕರು ಹಾಕಿತು. ಶನಿವಾರ ಹೊರಟೆವು, ಬಸ್ಸೇ ಬರಲಿಲ್ಲ. ಮೂವತ್ತನೆಯ ದಿನ ಭಾನುವಾರ.

ಸೋಮವಾರ ಮಧುಗಿರಿ ಕಚೇರಿಯ ಗುಮಾಸ್ತರು ಬೆರಳ ಗೆಣ್ಣು ಎಣಿಸಿ, "ಮೂವತ್ತೊಂದು ದಿನ ಆಯ್ತಲ್ಲಮ್ಮ, ವಾಯಿದೆ ಮುಗೀತು" ಎಂದು ಕಾಗದ ಹಿಂದಕ್ಕೆ ತಳ್ಳಿದರು.

ಅತ್ತೆ ನನ್ನ ಮುಖ ನೋಡಿದರು. ಹೊರಗಿನ ಗಂಡಸರೊಡನೆ ನಾನು ವಾದ ಮಾಡಿದವಳೇ ಅಲ್ಲ. ಆದರೂ ಬಾಯಿಂದ ಬಂದೇಬಿಟ್ಟಿತು: "ಮೂವತ್ತನೇ ದಿನ ನಿನ್ನೆ ಸ್ವಾಮಿ. ನಿನ್ನೆ ಬಂದಿದ್ರೆ ಯಾರ ಕೈಗೆ ಕೊಡಬೇಕಿತ್ತು? ನಿಮ್ಮ ಬಾಗಿಲ ಬೀಗಕ್ಕಾ?"

ಮೂಲೆಯಲ್ಲಿ ಕೂತಿದ್ದ ವಯಸ್ಸಾದ ಹೆಡ್ ಗುಮಾಸ್ತರು ಕನ್ನಡಕ ತೆಗೆದು ನಕ್ಕರು. "ತಗೊಳ್ರೀ. ಕೊನೇ ದಿನ ರಜಾ ಬಿದ್ರೆ ಮಾರನೇ ದಿನ ಆಗ್ತದೆ." ಕಾಗದದ ಮೇಲೆ ಮೊಹರು ದಪ್ಪನೆ ಬಿತ್ತು. ಬಸ್ಸಿನಲ್ಲಿ ಅತ್ತೆ ಕಿಟಕಿ ಪಕ್ಕದ ಸೀಟು ನನಗೆ ಬಿಟ್ಟುಕೊಟ್ಟರು.

ಕೆಲವು ತಿಂಗಳ ಮೇಲೆ ಮಧುಗಿರಿ ಕಚೇರಿಯ ಸಾಹೇಬರು ಜೀಪಿನಲ್ಲಿ ಬಂದು ಟೇಪು ಹಿಡಿಸಿದರು. ಬೀದಿಗೆ ಚಾಚಿದ್ದು ಒಂದು ಗೇಣಿನಷ್ಟು ಮೂಲೆ ಮಾತ್ರ. ಅದನ್ನು ಕೆತ್ತಿಸಿ, ಮಿಕ್ಕದ್ದು ಇರಲಿ ಎಂದು ತೀರ್ಪಾಯಿತು. ಒಪ್ಪದವರಿಗೆ ಮತ್ತೆ ಮೂವತ್ತು ದಿನ.

ಒಪ್ಪದವರು ಎದುರು ಮನೆಯವರು. ತೀರ್ಪಿನ ಕಾಗದ ಹಿಡಿದು ನೇರ ನನ್ನ ಹತ್ತಿರವೇ ಬಂದರು. "ನೀನು ಬರ್ದಿದ್ದು ನಿಲ್ತು ಕಣಮ್ಮ. ನಂಗೂ ಒಂದು ಅಪೀಲು ಬರ್ಕೊಡು."

ನಾನು ಕಕ್ಕಾಬಿಕ್ಕಿಯಾದೆ. ಅತ್ತೆ ಒಳಗಿನಿಂದಲೇ ಕೂಗಿದರು. "ಬರ್ಕೊಡೇ, ಮನೆಗೆ ಬಂದು ಕೇಳ್ದೋರಿಗೆ ಇಲ್ಲ ಅಂತಾರಾ?"

ದಿನಾ ಸಂಜೆ ಯಜಮಾನರು ಅದೇ ಜಗಲಿಯ ಮೇಲೆ ಕೂತು ಜಗಲಿಯ ಮೇಲಿನ ದೂರು ಹೇಳುತ್ತಿದ್ದರು. ಅತ್ತೆ ಬೇಯಿಸಿದ ಕಡಲೆಕಾಯಿ ತಂದಿಡುತ್ತಿದ್ದರು. ಎರಡು ಸಾಲಾಗುವಷ್ಟರಲ್ಲಿ "ಅದು ಅಂಗಲ್ಲ ಕಣಣ್ಣ" ಎಂದು ಅತ್ತೆ ಬಾಯಿ ಹಾಕುವರು. ಮಾತು ಎತ್ತಿನ ಗೊರಸಿಗೆ, ಅಲ್ಲಿಂದ ಅವರ ಮಗಳ ಬಾಣಂತನಕ್ಕೆ ಹೋಗುವುದು. ಕೊನೆಯ ದಿನ ಯಾವುದೆಂದು ನನಗೆ ಚೆನ್ನಾಗಿ ಗೊತ್ತಿತ್ತು. ಅವರಾಗಿ ಕೇಳಲಿಲ್ಲ, ನಾನಾಗಿ ಹೇಳಲಿಲ್ಲ.

ಮೂವತ್ತೆರಡನೆಯ ದಿನ ಮನಸ್ಸು ತಡೆಯದೆ ಹೇಳಿದೆ. ಅವರು ಕಡಲೆಕಾಯಿ ಬಿಡಿಸುವುದನ್ನು ನಿಲ್ಲಿಸಿ ಬೀದಿ ನೋಡಿದರು. "ಮುಗ್ದೋಯ್ತಾ? ಓಗ್ಲಿ ಬುಡಮ್ಮ. ಮೂಲೆ ಕೆತ್ತುದ್ಮೇಲೆ ಗಾಡಿ ಸಲೀಸಾಗಿ ತಿರುಗ್ತೈತೆ."

ಮಾರನೆಯ ಸಂಜೆಯೂ ಬಂದರು. ಬಾಣಂತನದ ಕತೆ ಇನ್ನೂ ಮುಗಿದಿರಲಿಲ್ಲ.