ಆಪರೇಷನ್ ವಾರ್ಡಿನ ಹವಾಮಾನದಕ್ಕ

ಬೆಳಗಿನ ಆರು ಗಂಟೆ. ಆಪರೇಷನ್ ವಾರ್ಡಿನ ಕಿಟಕಿಯಲ್ಲಿಟ್ಟ ರೇಡಿಯೊ ‘ಪೀಂ, ಪೀಂ’ ಎಂದು ಸಮಯ ಸಾರುತ್ತದೆ. ನೆಲ ಒರೆಸುತ್ತಿದ್ದ ಆಯಾ ಒಂದೊಂದು ಪೀಂಗೂ ಒಂದೊಂದು ಅಂಗ ಎತ್ತುತ್ತಾರೆ: ಹುಬ್ಬು, ಭುಜ, ಮೊಣಕೈ, ಮೊಣಕಾಲು. ಕೊನೆಯ ಉದ್ದನೆಯ ಪೀಂಗೆ ಸೊಂಟ ಉಳುಕಿದವರಂತೆ ಕಣ್ಣು ಬಿಡುತ್ತಾರೆ. ಹೊಟ್ಟೆಗೆ ದಿಂಬು ಅವುಚಿಕೊಂಡ ರೋಗಿಗಳು ಕಿಸಕ್ಕೆನ್ನುತ್ತಾರೆ. ಆಯಾ ಮಾತ್ರ ಯಾರ ಮುಖವನ್ನೂ ನೋಡುವುದಿಲ್ಲ. ಅವರ ಕಣ್ಣೆಲ್ಲ ಬ್ಯಾಂಡೇಜುಗಳ ಮೇಲೆ.

ರೋಗಿಗಳ ಬಾಯಲ್ಲಿ ಇವರು ‘ಹವಾಮಾನದಕ್ಕ’. ಹನ್ನೊಂದು ವರ್ಷದ ಕೆಲಸ. ದಿನಕ್ಕೆ ಇಪ್ಪತ್ತೆರಡು ಹಾಸಿಗೆ, ಮೂರು ಸಲ ನೆಲ ಒರೆಸುವುದು. ಕುಣಿತ ಶುರುವಾದದ್ದು ಒಬ್ಬ ಲಾರಿ ಡ್ರೈವರ್‌ನಿಂದ. “ಆರಡಿ ಆಳು, ಆಪರೇಷನ್ ಅಂದ್ರೆ ಗಡಗಡ ನಡುಗ್ತಿದ್ದ. ರೇಡಿಯೊದ ಹವಾಮಾನ ವರದೀಲಿ ಜೋರು ಗಾಳಿ ಬೀಸುತ್ತೆ ಅಂದ್ರು. ಏನು ತೋಚಿತೋ, ಪೊರಕೆ ಹಿಡ್ಕೊಂಡು ಗಾಳಿಗೆ ಹಾರಿಹೋಗೋ ಹಾಗೆ ಮಾಡ್ದೆ. ನಕ್ಕುಬಿಟ್ಟ!” ಆಮೇಲೆ ಮುಲಾಮಿನ ಜಾಹೀರಾತು, ಆಟದ ಸ್ಕೋರು, ಸ್ಟೇಷನ್ ಸಿಗದಾಗಿನ ಗೊರಗೊರ ಸದ್ದು, ಎಲ್ಲಕ್ಕೂ ಒಂದೊಂದು ಹೆಜ್ಜೆ ಹುಟ್ಟಿತು.

ಹೋದ ತಿಂಗಳು ಆರನೇ ಹಾಸಿಗೆಯ ಅಜ್ಜಿ ಹವಾಮಾನದ ಕುಣಿತಕ್ಕೆ ನಕ್ಕೂ ನಕ್ಕೂ ಇದ್ದಕ್ಕಿದ್ದಂತೆ “ಅಯ್ಯೋ” ಎಂದು ಹೊಟ್ಟೆ ಹಿಡಿದುಕೊಂಡರು. ಬ್ಯಾಂಡೇಜಿನಲ್ಲಿ ರಕ್ತ. ಒಂದು ಹೊಲಿಗೆ ಬಿಟ್ಟಿತ್ತು.

“ಜೀವ ಬಾಯಿಗೆ ಬಂತು. ನನ್ನ ಕೆಲಸ ಹಾಳಾಗಿ ಹೋಗ್ಲಿ, ಆ ಅಮ್ಮಂಗೆ ಏನಾದ್ರೂ ಆದ್ರೆ?”

ನಾಲ್ಕು ದಿನ ರೇಡಿಯೊ ಬಾಯಿ ಬಿಡಲಿಲ್ಲ. ಆಯಾ ತಲೆ ಎತ್ತಲಿಲ್ಲ. ಮನೆಯಲ್ಲಿ ತಟ್ಟೆಯ ಅನ್ನವನ್ನು ಹಾಗೇ ಮುಚ್ಚಿಟ್ಟರು. ಗಂಡ ಕೇಳಿದರೆ ತಲೆನೋವೆಂದರು. ಐದನೇ ದಿನ ಅಜ್ಜಿಯೇ ಕೂಗಿದರು: “ಏನೇ, ಗಾಳಿ ಬೀಸಿಸಿ ಅರ್ಧಕ್ಕೇ ಬಿಟ್ಟುಹೋದ್ಯಲ್ಲ! ಮಳೆ ಬಂತೋ ಇಲ್ವೋ?”

ಪಕ್ಕದಲ್ಲೇ ಹಿರಿಯ ಸಿಸ್ಟರ್. ಇವತ್ತಿಗೆ ನನ್ನ ಕಥೆ ಮುಗಿಯಿತು ಎಂದುಕೊಂಡರು ಆಯಾ. ಸಿಸ್ಟರ್ ಅಜ್ಜಿಯ ಹೊಟ್ಟೆಯ ಮೇಲೊಂದು ದಿಂಬಿಟ್ಟರು. “ಕೆಮ್ಮುವಾಗ ಒತ್ತಿ ಹಿಡ್ಕೊಳ್ಳಿ ಅಂದಿದ್ದೆನಲ್ಲ ಅಜ್ಜಿ, ನಗುವಾಗ್ಲೂ ಹಾಗೇ.” ಆಮೇಲೆ ಆಯಾ ಕಡೆ ತಿರುಗಿ, “ನೋಡ್ತಾ ನಿಂತ್ಯಲ್ಲ, ಹಾಕು ರೇಡಿಯೊ” ಎಂದರು.

ಅಂದು ಮಳೆ ಬಂತು. ಬಕೆಟ್ಟನ್ನೇ ಕೊಡೆ ಮಾಡಿಕೊಂಡು ಆಯಾ ವಾರ್ಡೆಲ್ಲ ಓಡಿದರು.

ಈಗ ಭಯ ಹೋಯಿತೇ? “ಎಲ್ಲಿ ಹೋಗುತ್ತೆ? ಯಾರಾದ್ರೂ ಜೋರಾಗಿ ನಕ್ರೆ ಎದೆ ಡವಡವ ಅನ್ನುತ್ತೆ. ನಗ್ಲಿ, ಬೇಡ ಅನ್ನಲ್ಲ. ಹೊಲಿಗೆ ಬಿಚ್ಚೋ ಕೆಲಸ ಮಾತ್ರ ಡಾಕ್ಟ್ರಿಗೇ ಇರ್ಲಿ.”