ನೋಡುತ್ತಿರುವವರು ಒಬ್ಬರು

ಕಾಕಾ ಕುರ್ಚಿಯಲ್ಲಿ ಸ್ವಲ್ಪ ಮುಂದೆ ಬಾಗಿದರೆ ಸಾಕು, ಕೊರಳಲ್ಲಿನ ಲಿಂಗದ ಬೆಳ್ಳಿ ಕರಡಿಗೆ ಅಂಗಿಯ ಗುಂಡಿಗಳ ನಡುವಿನಿಂದ ಹೊರಗೆ ಜಾರಿ ಟೇಬಲ್ಲಿನ ಅಂಚಿಗೆ ಟಕ್ ಅಂತ ಬಡಿಯುತ್ತಿತ್ತು. ಎರಡು ಬೆರಳಿನಿಂದ ಎತ್ತಿ, ಕಣ್ಣಿಗೊತ್ತಿಕೊಂಡು, ಮತ್ತೆ ಒಳಗೆ ಹಾಕುತ್ತಿದ್ದರು. ಐದು ನಿಮಿಷಕ್ಕೆ ಮತ್ತೆ ಹೊರಗೆ. ಕರಡಿಗೆ ದೊಡ್ಡದು, ಹಳೆಯ ಕಾಲದ್ದು, ಶಿವದಾರ ಉದ್ದ. ದಾರ ಗಿಡ್ಡ ಮಾಡ್ಕೊಳ್ರಿ ಕಾಕಾ ಅಂದರೆ, "ಅದೂ ಗಾಳಿಗಿ ಬರ್ತದ, ಬರ್ಲಿ ಬಿಡು" ಅನ್ನುತ್ತಿದ್ದರು.

ಮಹಾರಾಷ್ಟ್ರದ ನಿಲಂಗಾದ ಬಸ್ ಸ್ಟ್ಯಾಂಡಿನ ಹಿಂದಿನ ರಸ್ತೆಯಲ್ಲಿ ಅವರ ಕಂಪ್ಯೂಟರ್ ರಿಪೇರಿ ಅಂಗಡಿ ಇತ್ತು. ಮುಂದೆ ಅಂಗಡಿ, ಹಿಂದಿನ ಒಂದು ಕೋಣೆಯೇ ಮನೆ. ಸಣ್ಣವರಿದ್ದಾಗ ಪೋಲಿಯೋ ಆಗಿ ಬಲಗಾಲು ಕೋಲಿನಷ್ಟು ತೆಳ್ಳಗೆ ಉಳಿದಿತ್ತು. ಜೀವನದಲ್ಲಿ ಸೈಕಲ್ ಕೂಡ ಓಡಿಸಿದವರಲ್ಲ. ಆದರೆ ಮಧ್ಯಾಹ್ನ ಎರಡೂವರೆಗೆ ಗಿರಾಕಿಗಳು ಕಡಿಮೆಯಾದಾಗ ಕಂಪ್ಯೂಟರಿನಲ್ಲಿ ಲಾರಿ ಓಡಿಸುವ ಆಟ ಹಚ್ಚಿಕೊಂಡು ಕೂತುಬಿಡುತ್ತಿದ್ದರು. ಯಾವುದೋ ದೇಶದ ಹಿಮದ ರಸ್ತೆ, ಹದಿನಾರು ಚಕ್ರದ ಲಾರಿ, ಮತ್ತು ಪೂರ್ತಿ ಒಂದು ತಾಸು ಕಾಕಾನ ಕನ್ನಡ.

ನಾನು ಉಮರ್ಗಾ ಕಡೆಯ ದಾಳಿಂಬ ಅನ್ನುವ ಹಳ್ಳಿಯವನು. ಅಪ್ಪ ಓಡಿಸುವುದು ಇನ್ನೊಬ್ಬರ ಟ್ರ್ಯಾಕ್ಟರ್. ಅವ್ವ ತನ್ನ ಹೆಸರು ಬರೆಯಲು ಕಲಿತದ್ದು ನಾನು ಕಲಿಸಿದ ಮೇಲೆ. ನಮ್ಮ ಮನೆತನದಲ್ಲಿ ಡಿಗ್ರಿ ಮುಗಿಸಿದವನು ನಾನೇ ಮೊದಲು. ಮೂರು ವರ್ಷ ಶೇರ್ ಆಟೋದ ಹಿಂಬದಿಗೆ ಜೋತುಬಿದ್ದು ಉಮರ್ಗಾಕ್ಕೆ ಹೋಗಿಬಂದು ಬಿ.ಎಸ್ಸಿ. ಕಂಪ್ಯೂಟರ್ ಮಾಡಿದೆ. ಇದನ್ನು ಜಂಬಕ್ಕೇ ಹೇಳುತ್ತಿದ್ದೇನೆ. ಈ ಜಂಬದಿಂದಲೇ ಮುಂದಿನದೆಲ್ಲಾ ಆಯಿತು. ನಿಲಂಗಾದ ಒಂದು ಕಾಲೇಜಿನ ಲ್ಯಾಬಿನಲ್ಲಿ ಕೆಲಸ ಸಿಕ್ಕಿತು. ಬಾಡಿಗೆ ಕೋಣೆ, ಖಾನಾವಳಿ ಊಟ, ಪರಿಚಯದ ಒಂದು ಮುಖವೂ ಇಲ್ಲ.

ಲ್ಯಾಬಿನ ಕೆಟ್ಟ ಕೀಬೋರ್ಡುಗಳನ್ನು ಹೊತ್ತುಕೊಂಡು ಮೊದಲ ಸಲ ಅವರ ಅಂಗಡಿಗೆ ಹೋದಾಗ ನಾವಿಬ್ಬರೂ ಮಾತಾಡಿದ್ದು ಮರಾಠಿ. ಅಷ್ಟರಲ್ಲಿ ಅವ್ವನ ಫೋನು ಬಂತು. ರೂಢಿಯಂತೆ ಹೊರಗೆ ಹೋಗಿ, ಗೋಡೆಗೆ ಮುಖ ಮಾಡಿ, ಸಣ್ಣ ದನಿಯಲ್ಲಿ ಕನ್ನಡ ಮಾತಾಡಿ ಬಂದೆ.

"ಉಮರ್ಗಾ ಕಡಿಯಾಂವೇನೋ ನೀ?" ಕಾಕಾ ಕನ್ನಡದಲ್ಲಿ ಕೇಳಿದರು.

"ಹೌದ್ರೀ. ದಾಳಿಂಬ."

"ಮತ್ತ ಹೊರಗ ಯಾಕ ಹೋದಿ? ಕನ್ನಡ ಏನು ಕಳುವಿನ ಮಾಲೇನು?"

ಆ ದಿನದಿಂದ ಅಲ್ಲಿ ಹೋಗಿ ಕೂಡುವುದು ರೂಢಿಯಾಯಿತು.

ಕಾಕಾ ಉದಗೀರದ ಕಿರಾಣಿ ವ್ಯಾಪಾರಿಗಳ ಮನೆಯವರು. ಸಣ್ಣವರಿದ್ದಾಗ ಭಾಲ್ಕಿಯಲ್ಲಿ ಸೋದರಮಾವನ ಮನೆಯಲ್ಲಿದ್ದು ನಾಲ್ಕನೆಯ ತನಕ ಕನ್ನಡ ಶಾಲೆ ಕಲಿತವರು. ಅವರ ಹೆಂಡತಿಯೂ ಆ ಕಡೆಯವರೇ. ಆ ಕಾಕೂ ನಾನು ಬರುವ ನಾಲ್ಕು ವರ್ಷ ಮೊದಲೇ ತೀರಿಕೊಂಡಿದ್ದರು. ಮಕ್ಕಳಿರಲಿಲ್ಲ. ಅಲ್ಲಿಂದ ಮುಂದೆ ಕಾಕಾಗೆ ದಿನವೆಲ್ಲಾ ಗಿರಾಕಿಗಳ ಜೊತೆ ಮರಾಠಿ, ಅಂಗಡಿ ಮುಚ್ಚಿದ ಮೇಲೆ ಯಾವ ಮಾತೂ ಇಲ್ಲ.

"ಸುಮ್ನ ಒಬ್ಬನೇ ಮಾತಾಡ್ಲಾಕತ್ರ ಹುಚ್ಚ ಅಂತಾರ" ಅಂದಿದ್ದರು ಒಂದು ದಿನ. "ಮುಂದ ಒಂದು ಮೈಕ್ ಇತ್ತಂದ್ರ ಯಾರೂ ಏನೂ ಅನ್ನಂಗಿಲ್ಲ."

ಆದರೆ ಆಗ ಅವರ ಹತ್ತಿರ ಮೈಕೂ ಇರಲಿಲ್ಲ. ಮೊಬೈಲನ್ನು ಒಂದು ರಟ್ಟಿನ ಡಬ್ಬಿಗೆ ಒರಗಿಸಿ ಪರದೆಯ ಚಿತ್ರ ತೆಗೆದು ನೆಟ್ಟಿಗೆ ಹಾಕುತ್ತಿದ್ದರು. ಅದರಲ್ಲಿ ಲಾರಿಗಿಂತ ಟ್ಯೂಬ್‌ಲೈಟೇ ಹೆಚ್ಚು ಕಾಣುತ್ತಿತ್ತು. ಅದನ್ನು ನೋಡಿ ನನಗೆ ತಡೆಯಲಾಗಲಿಲ್ಲ. ಆಟವನ್ನು ನೇರ ಪ್ರಸಾರ ಮಾಡುವ, ಹಾಗೇ ರೆಕಾರ್ಡೂ ಮಾಡಿಕೊಳ್ಳುವ ಪುಕ್ಕಟೆ ಸಾಫ್ಟ್‌ವೇರ್ ಇದೆ, ನಾನು ಹಾಕಿಕೊಡುತ್ತೇನೆ ಅಂದೆ.

ಎರಡು ಭಾನುವಾರ ಹಿಡಿಯಿತು. ಮೊದಲು ಪರದೆ ಬರೀ ಕಪ್ಪು ಬಂತು. ಆಮೇಲೆ ಚಿತ್ರ ಬಂತು, ಆದರೆ ಲಾರಿ ನಡೆದು ನಡೆದು ನಿಲ್ಲುತ್ತಿತ್ತು. ಅವರ ಹಳೆಯ ಮಷೀನಿಗೆ ಆಟ ಆಡಿಸುವುದು, ರೆಕಾರ್ಡ್ ಮಾಡುವುದು ಎರಡೂ ಒಮ್ಮೆಲೇ ಆಗುತ್ತಿರಲಿಲ್ಲ. ರೆಕಾರ್ಡಿನ ಭಾರ ಗ್ರಾಫಿಕ್ಸ್ ಕಾರ್ಡಿನ ಮೇಲೆ ಹಾಕಿ, ಚಿತ್ರದ ಅಳತೆ ಇಳಿಸಿ, ಹೇಗೋ ಹಳಿಗೆ ತಂದೆ. ಅಂಗಿಯ ಗುಂಡಿಗೆ ಸಿಕ್ಕಿಸುವ ಸಣ್ಣ ಮೈಕು ತರಿಸಿದೆವು. ಪ್ರಸಾರಕ್ಕೆ ಬೇಕಾಗುವ ಉದ್ದನೆಯ ಗುಪ್ತ ಸಂಖ್ಯೆಯನ್ನು ಯಾರಿಗೂ ತೋರಿಸಬೇಡಿ ಅಂದಾಗ ಕಾಕಾ, "ನನ್ನ ಲಾರಿ ಕದ್ದು ಯಾವಾಂವ ಎಲ್ಲಿ ಒಯ್ತಾನೋ" ಅಂತ ನಕ್ಕರು.

ಎರಡೂವರೆಗೆ ಸರಿಯಾಗಿ, "ಶರಣು ಶರಣಾರ್ಥಿ ರೀ ಎಲ್ಲಾರಿಗೂ" ಅಂತ ಶುರು ಮಾಡುತ್ತಿದ್ದರು. ಎಲ್ಲಾರೂ ಅಂದರೆ ಸೊನ್ನೆ. ನೋಡುವವರ ಸಂಖ್ಯೆ ಪರದೆಯ ಮೂಲೆಯಲ್ಲೇ ಕಾಣುತ್ತಿತ್ತು. ಸೊನ್ನೆಗೂ ಊಟ ಆಯ್ತೇನ್ರೀ ಅಂತ ಕೇಳಿ ಲಾರಿ ಚಾಲೂ ಮಾಡುವುದು. "ಇದೇನ್ ಊರೋ ಏನೋ, ಒಂದು ಚಹಾದ ದುಕಾನ ಇಲ್ಲ. ರಸ್ತಾ ಖರೇನ ಛಂದ ಅದ, ನಮ್ಮ ಉದಗೀರ ರಸ್ತಾದಾಗಿನ ತೆಗ್ಗೊಂದು ಇಲ್ಲ. ಹಿಂದ ಯಾವನೋ ಹಾರನ್ ಹೊಡಿಲಾಕತ್ತಾನ. ಹೋಗಪ್ಪಾ, ನೀನೇ ಮುಂದ ಹೋಗು. ನನಗೆಲ್ಲಿ ಹೋಗೋದದ?"

ಕನ್ನಡ ಮಾತಾಡುವಾಗ ಅವರ ದನಿ ಬಹಳ ಸಣ್ಣದಾಗುತ್ತಿತ್ತು. ಗಿರಾಕಿಗಳ ಜೊತೆ, ರಸ್ತೆಯ ಗದ್ದಲದ ಮೇಲಿಂದ, ಗಂಟಲು ಹರಿಯುವಂತೆ ಮಾತಾಡುವ ಮನುಷ್ಯ ಇವರೇ ಏನು ಅನ್ನಿಸುತ್ತಿತ್ತು. ಕಾಕೂ ಹಾಸಿಗೆ ಹಿಡಿದ ಎರಡು ವರ್ಷ ಪಕ್ಕದಲ್ಲಿ ಕೂತು ಮಾತಾಡಿ ಮಾತಾಡಿ ಆದ ದನಿ ಅದು. ನನಗೆ ಇದು ಗೊತ್ತಿತ್ತು. ಗೊತ್ತಿದ್ದೂ ಮರೆತೆ.

ಒಂದು ತಿಂಗಳಾದ ಮೇಲೆ ಸೊನ್ನೆ ಒಂದಾಯಿತು. ಮರುದಿನವೂ ಒಂದು. ಆಮೇಲೆ ದಿನಾ. ಹೆಸರಿಲ್ಲ, ಫೋಟೋ ಇಲ್ಲ. ನಾಲ್ಕೈದು ದಿನ ಸುಮ್ಮನಿದ್ದು ಆ ಒಬ್ಬರು ಕೆಳಗೆ ಕನ್ನಡದಲ್ಲಿ ಒಂದು ಸಾಲು ಬರೆದರು. ನನಗೆ ಕನ್ನಡ ಓದಲು ಬರುತ್ತಿರಲಿಲ್ಲ. ನನ್ನ ಶಾಲೆಯೆಲ್ಲಾ ಮರಾಠಿ, ಕನ್ನಡ ಬರೀ ಬಾಯಲ್ಲಿತ್ತು. ಕಾಕಾನೇ ಓದಿ ಹೇಳಿದರು. "ಕೇಳ್ಲಾಕತ್ತೀನ್ರೀ. ನೀವು ಮಾತಾಡ್ರೀ, ಅಂತ ಬರದಾನ." ಆ ದಿನ ಲಾರಿಯನ್ನು ಎರಡು ಸಲ ಹಳ್ಳಕ್ಕೆ ಇಳಿಸಿದರು. ಖುಷಿಗೆ.

ಆಮೇಲೆ ಅವರ ಮಧ್ಯಾಹ್ನಗಳಿಗೆ ಬೇರೆ ಕಳೆ ಬಂತು. ಬೆಳಿಗ್ಗೆಯೇ, "ಇವತ್ತ ಅಂವಗ ಸಣ್ಣಾವ ಇದ್ದಾಗ ಉದಗೀರ ಕಿಲ್ಲಾದಾಗ ತಪ್ಪಿಸಿಕೊಂಡಿದ್ದು ಹೇಳ್ಬೇಕು" ಅಂತ ಲೆಕ್ಕ ಹಾಕುತ್ತಿದ್ದರು. ಇಸ್ತ್ರಿ ಮಾಡಿದ ಅಂಗಿ ಹಾಕುತ್ತಿದ್ದರು. ಕ್ಯಾಮೆರಾ ಇಲ್ಲ, ನಿಮ್ಮನ್ನು ಯಾರು ನೋಡ್ತಾರೆ ಅಂದರೆ, "ಮಂದಿ ಮುಂದ ಕುಂತಾಗ ಬರೋಬರಿ ಇರ್ಬೇಕಪ್ಪ" ಅನ್ನುತ್ತಿದ್ದರು.

ಒಂದು ದಿನ ಆ ಒಬ್ಬರು ಇನ್ನೊಂದು ಸಾಲು ಬರೆದರು: ನಡುನಡುವೆ ಟಕ್ ಟಕ್ ಅನ್ನುವ ಸಪ್ಪಳ ಏನ್ರೀ?

ಕರಡಿಗೆಯ ಸಪ್ಪಳ. ದೀಪಾವಳಿ ಸೂಟಿಗೆ ಊರಿಗೆ ಹೊರಟಿದ್ದೆ, ಹೋಗುವ ಮೊದಲು ಇದೊಂದು ಮುಗಿಸಿಬಿಡೋಣ ಅಂದುಕೊಂಡೆ. ಸಾಫ್ಟ್‌ವೇರಿನಲ್ಲಿ ಮೈಕಿಗೆ ಒಂದು ಗೇಟು ಇಡಬಹುದು. ಗೆರೆ ಎಳೆದು ಕೊಟ್ಟರೆ, ಅದಕ್ಕಿಂತ ಸಣ್ಣ ಸಪ್ಪಳ ಬಂದಾಗ ಗೇಟು ಮುಚ್ಚಿಕೊಳ್ಳುತ್ತದೆ, ದೊಡ್ಡದು ಬಂದಾಗ ತೆರೆಯುತ್ತದೆ. ಕಾಕಾನ ದನಿಯ ಅಳತೆ ನೋಡಬೇಕು ಅನ್ನುವಷ್ಟರಲ್ಲಿ ಒಬ್ಬ ಗಿರಾಕಿ ಬಂದ. ಕಾಕಾ ಕೂತಲ್ಲಿಂದಲೇ, "ಉದ್ಯಾ ಯಾ, ಉದ್ಯಾ" ಅಂತ ಕೂಗಿ ಅವನನ್ನು ನಾಳೆಗೆ ಕಳಿಸಿದರು. ಪರದೆಯ ಮೇಲೆ ಹಸಿರು ಪಟ್ಟಿ ತುದಿಯ ತನಕ ಏರಿತು. ಸಾಕು, ಇದೇ ಅಳತೆ ಅಂತ ಟಕ್ಕಿಗಿಂತ ಮೇಲೆ, ಆ ಕೂಗಿಗಿಂತ ಕೆಳಗೆ ಗೆರೆ ಇಟ್ಟುಬಿಟ್ಟೆ.

"ಒಮ್ಮೆ ರೆಕಾರ್ಡ್ ಮಾಡಿ ಕೇಳಿ ನೋಡೂಣೇನು?" ಕಾಕಾ ಕೇಳಿದರು.

"ಅದರ ಗರಜ ಇಲ್ರೀ. ನಾ ಇದೇ ಓದೀನಿ."

"ಆಯ್ತಪ್ಪ, ಗ್ರ್ಯಾಜುಯೇಟ್ ಸಾಹೇಬ್ರ ಮಾತ ಮೀರಂಗಿಲ್ಲ" ಅಂದರು.

ಇಪ್ಪತ್ತು ದಿನ ಊರಲ್ಲಿದ್ದು ಬಂದೆ. ಕಾಕಾ ಎರಡೂವರೆಗೆ ಯಾವುದೋ ಪ್ರಿಂಟರ್ ಬಿಚ್ಚಿಕೊಂಡು ಕೂತಿದ್ದರು. ಅಂಗಿ ಮುದುರಿತ್ತು. ಲಾರಿ ಇಲ್ಲೇನ್ರೀ ಇವತ್ತು ಅಂದೆ.

"ಅಂವಾ ಬರೋದು ಬಿಟ್ಟಾನ."

"ಯಾಕ್ರೀ?"

"ಏನ್ ಗೊತ್ತಪ್ಪ. 'ಮಾತಾಡ್ರೀ' ಅಂತ ಬರದ. ಮಾತಾಡ್ಲಾಕತ್ತೀನಲ್ಲೋ, ನಿನ್ನ ಮೊಬೈಲಿನ ಆವಾಜ ಏರಿಸು ಅಂತ ಹೇಳ್ದೆ. ಮರುದಿನಾನೂ ಅದೇ ಬರದ. ಮತ್ತ ಹೇಳ್ದೆ. 'ಯಾಕ ಮೌನ ಹಿಡದೀರಿ, ನನ್ನ ಮ್ಯಾಲೆ ಸಿಟ್ಟೇನು' ಅಂತ ಬರದ. ನಿನ್ನ ಮ್ಯಾಲೆ ಯಾತರ ಸಿಟ್ಟೋ ತಮ್ಮಾ ಅಂದೆ. ಆಮ್ಯಾಲಿಂದ ಇಲ್ಲ."

ಕಾಕಾಗೆ ಕೈಯಿಂದ ಕನ್ನಡ ಬರೆಯಲು ಬರುತ್ತಿತ್ತು, ಮೊಬೈಲಿನಲ್ಲಿ ಒತ್ತಲು ಬರುತ್ತಿರಲಿಲ್ಲ. ಕೇಳಿಸದವನಿಗೆ ಬಾಯಿಂದಲೇ ಉತ್ತರ ಕೊಡುತ್ತಾ ಕೂತಿದ್ದರು.

ರೆಕಾರ್ಡುಗಳನ್ನು ಪೆನ್ ಡ್ರೈವಿನಲ್ಲಿ ಹಾಕಿಕೊಂಡು ಕೋಣೆಗೆ ಒಯ್ದೆ. ಭಾನುವಾರ ಬೆಳಿಗ್ಗೆ ಕೂತು, ಮುಂದೆ ಮುಂದೆ ಓಡಿಸುತ್ತಾ ಕೇಳಿದೆ. ಹದಿನೇಳು ದಿನದವು ಇದ್ದವು. ಇಂಜಿನ್ನಿನ ಸಪ್ಪಳ, ಹಿಮದ ಮೇಲೆ ಚಕ್ರದ ಸಪ್ಪಳ, ಹತ್ತು ನಿಮಿಷ, ಇಪ್ಪತ್ತು ನಿಮಿಷ. ನಡುವೆ ಒಮ್ಮೆಲೇ "ಉದ್ಯಾ ಯಾ, ಉದ್ಯಾ". ಮತ್ತೆ ಇಂಜಿನ್ನು. ಹದಿನೇಳು ದಿನವೂ ಅಷ್ಟೇ. ಗಿರಾಕಿಗೆ ಕೂಗಿದ ಮರಾಠಿಯಷ್ಟೇ ಗೇಟು ದಾಟಿತ್ತು. ಕನ್ನಡದ ಒಂದು ಶಬ್ದವೂ ಹೊರಗೆ ಹೋಗಿರಲಿಲ್ಲ.

ಹೇಳುವುದಕ್ಕೆ ಎರಡು ದಿನ ತೆಗೆದುಕೊಂಡೆ. ನಮ್ಮೂರಲ್ಲಿ ಟಿ.ವಿ. ಕೆಟ್ಟರೂ ನನ್ನನ್ನು ಕರೆಯುತ್ತಾರೆ. ನನಗೆ ಬರುವುದಿಲ್ಲ ಅಂತ ಒಮ್ಮೆಯೂ ಹೇಳಿದವನಲ್ಲ. ಹೇಳಿದರೆ ಅಪ್ಪನ ಮುಖ ಸಣ್ಣದಾಗುತ್ತದೆ ಅನ್ನುವ ಹೆದರಿಕೆಯಲ್ಲೇ ಬೆಳೆದವನು. ಮೂರನೆಯ ದಿನ ಅಂಗಡಿಗೆ ಹೋಗಿ ನಿಂತುಕೊಂಡೇ ಹೇಳಿದೆ. ತಪ್ಪು ನನ್ನದ್ರೀ ಕಾಕಾ, ನಿಮ್ಮ ದನಿಯನ್ನು ನಾನೇ ಮುಚ್ಚಿಬಿಟ್ಟಿದ್ದೆ.

ಕಾಕಾ ಬೈಯಲಿಲ್ಲ. ಬೈದಿದ್ದರೆ ಚಲೋ ಇತ್ತು. ಮೈಕನ್ನು ಎತ್ತಿಕೊಂಡು, ಗುಂಡಿಯ ಬದಲು ಭುಜದ ಹತ್ತಿರ ಸಿಕ್ಕಿಸಿಕೊಂಡರು. ಕರಡಿಗೆಯನ್ನು ಜೇಬಿನೊಳಗೆ ಇಳಿಬಿಟ್ಟರು.

"ಇಷ್ಟೇ ಇತ್ತು ನೋಡು" ಅಂದರು. "ನಾನೂ ನಿನಗ ಹೇಳ್ಲಿಲ್ಲ, ನೀನೂ ನನಗ ಕೇಳ್ಲಿಲ್ಲ."

ಒಂದು ಹಾಳೆ ತೆಗೆದುಕೊಂಡು ದುಂಡಗೆ ನಾಲ್ಕು ಸಾಲು ಬರೆದರು. "ಇದು ಇದ್ದಂಗೇ ಒತ್ತು, ಅಂವಾ ಎಲ್ಲಿ ನೋಡ್ತಾನ ಗೊತ್ತಿಲ್ಲ, ಆವಾಜ ಇಲ್ಲದ ಎಲ್ಲಾ ವಿಡಿಯೋದ ಕೆಳಗೂ ಹಾಕು."

"ಏನ್ ಬರದೀರಿ ಕಾಕಾ?"

"ಬರ್ರಿ ಅಂತ ಬರದೀನಿ."

ಹಾಳೆಯ ಮೇಲಿನ ಅಕ್ಷರ ನೋಡುವುದು, ಮೊಬೈಲಿನ ಕೀಬೋರ್ಡಿನಲ್ಲಿ ಅದೇ ಆಕಾರ ಹುಡುಕುವುದು, ಒತ್ತುವುದು. ಒಮ್ಮೆ ಒತ್ತಿ ಮುಗಿಸಿ ಅದನ್ನೇ ಹದಿನೇಳು ಕಡೆ ಹಾಕಿದೆ. ಅರ್ಧ ದಿನ ಹೋಯಿತು.

ಆ ಒಬ್ಬರು ತಿರುಗಿ ಬರಲಿಲ್ಲ. ನಾನು ಗೇಟು ತೆಗೆದುಹಾಕಿದೆ, ಕಾಕಾ ಪ್ರಸಾರ ಮತ್ತೆ ಶುರು ಮಾಡಿದರು, ಮೂಲೆಯಲ್ಲಿ ಸೊನ್ನೆ. ನೋಡಲಾಗದೆ ನಾನು ಲ್ಯಾಬಿನಿಂದಲೇ ದಿನಾ ಎರಡೂವರೆಗೆ ಹಚ್ಚಿಕೊಂಡು ಕೂಡಲು ಹತ್ತಿದೆ. ಸೊನ್ನೆ ಒಂದಾಯಿತು. ಕಾಕಾ ಮತ್ತೆ ಕಥೆ ಹೇಳತೊಡಗಿದರು. ಎಂಟು ದಿನ ಮೋಸ ಮಾಡಿದೆ. ಒಂಬತ್ತನೆಯ ದಿನ ಹೋಗಿ, ಅದು ನಾನೇ ರೀ ಅಂದೆ.

"ಗೊತ್ತದ. ಮೂರು ಹತ್ತಕ್ಕ ಕಾಲೇಜಿನ ಗಂಟಿ ಬಾರಿಸಿದ ಕೂಡ್ಲೇ ಎದ್ದು ಹೋಗಾಂವ ಮತ್ತ್ಯಾರು? ಕಿಲ್ಲಾದ ಕಥಿ ಅರ್ಧಕ್ಕೇ ಬಿಟ್ಟು ಹೋದಿ." ಆಮೇಲೆ ಹೇಳಿದರು: "ನೀ ಕೇಳ್ತಿ, ಖರೆ. ಆದ್ರ ನಿನಗ ನಾ ಎದುರಿಗೇ ಸಿಗ್ತೀನಿ. ಅಂವಗ ನಾ ಅಲ್ಲಿ ಬಿಟ್ರ ಎಲ್ಲೂ ಸಿಗ್ತಿದ್ದಿಲ್ಲ."



ಆ ಚಳಿಗಾಲದಲ್ಲೇ ಅವರು ನನಗೆ ಅಕ್ಷರ ಕಲಿಸಲು ಹಿಡಿದರು. ರಿಪೇರಿ ಚೀಟಿಗಳ ಹಿಂಬದಿಯ ಮೇಲೆ. "ಬಿ.ಎಸ್ಸಿ. ಆದಾಂವ, ಒತ್ತಕ್ಷರ ಬರಂಗಿಲ್ಲ" ಅಂತ ಗಿರಾಕಿಗಳ ಮುಂದೆಯೇ ಛೇಡಿಸುತ್ತಿದ್ದರು. ಇವತ್ತು ನೀವು ಓದುತ್ತಿರುವ ಈ ಸಾಲುಗಳು ಆ ಚೀಟಿಗಳಿಂದ ಬಂದವು.

ಮರುವರ್ಷ ಹೊಲಗಳಲ್ಲಿ ತೊಗರಿ ಹೂ ಬಿಟ್ಟಾಗ ಕಾಕಾಗೆ ಎದೆ ನೋವು ಬಂತು. ಉದಗೀರದ ಆಸ್ಪತ್ರೆಗೆ ಒಯ್ದರು. ನಾನು ಬಸ್ಸಿನಿಂದ ಇಳಿಯುವಷ್ಟರಲ್ಲಿ ಮುಗಿದಿತ್ತು. ಅಲ್ಲಿಯೇ ಅವರ ಮನೆತನದ ಹೊಲದಲ್ಲಿ ಮಣ್ಣು ಮಾಡಿದರು.

ಹದಿನೈದು ದಿನದ ಮೇಲೆ ಅವರ ಅಣ್ಣನ ಮಗ ಅಂಗಡಿ ಖಾಲಿ ಮಾಡಲು ಬಂದ. ಕಾಕಾನ ಮೊಬೈಲು ನನ್ನ ಕೈಗೆ ಕೊಟ್ಟು, ಈ ಲಾರಿಯ ವಿಡಿಯೋಗಳನ್ನೆಲ್ಲಾ ತೆಗೆದುಬಿಡಲೇ ಅಂತ ಮರಾಠಿಯಲ್ಲಿ ಕೇಳಿದ. ಸ್ವಲ್ಪ ತಡೆ ಅಂತ ಹೇಳಿ ಖಾಲಿ ಅಂಗಡಿಯಲ್ಲಿ ಕೂತೆ. ದನಿಯಿಲ್ಲದ ಹದಿನೇಳರಲ್ಲಿ ಮೊದಲನೆಯದನ್ನು ತೆರೆದೆ. ಕೆಳಗೆ ನಾನೇ ಒತ್ತಿದ ನಾಲ್ಕು ಸಾಲು ಇದ್ದವು. ಓದಲು ಕಲಿತ ಮೇಲೆ ಅದನ್ನು ನೋಡಿಯೇ ಇರಲಿಲ್ಲ. ಬರ್ರಿ ಅಂತ ಇದೆ ಅಂತಲೇ ತಿಳಿದಿದ್ದೆ. ಒಂದೊಂದೇ ಅಕ್ಷರ ಕೂಡಿಸಿ ಓದಿದೆ.

"ನಾ ಸಿಟ್ಟಿಗೆದ್ದಿಲ್ರೀ. ದಿನಾ ಮಾತಾಡ್ಲಾಕತ್ತಿದ್ದೆ. ನನಗ ಮೈಕ್ ಹಚ್ಚಲಾಕ ಬರ್ಲಿಲ್ಲ, ತಪ್ಪು ನಂದೇ. ಬರ್ರಿ."

ಹುಡುಗನಿಗೆ ಏನೂ ತೆಗೆಯಬೇಡ ಅಂದೆ. ಆ ನಾಲ್ಕು ಸಾಲಿನ ಕೆಳಗೆ, ಹದಿನೇಳೂ ಕಡೆ, ಈ ಸಲ ಹಾಳೆ ನೋಡದೆ, ನಾನು ಬರೆದೆ: ಇದು ನಿಜ ಅಲ್ರೀ. ಮೈಕ್ ಹಚ್ಚಿದವನು ನಾನು, ತಪ್ಪು ನನ್ನದು. ಕಾಕಾ ಈಗ ಇಲ್ಲ.