ಡಿಸೆಂಬರ್‌ನಿಂದ ಹಿಂದಕ್ಕೆ

ಪ್ರತಿ ವರ್ಷ ಸೀಸನ್ ಶುರುವಾಗುವ ಮೊದಲು, ಕ್ರೈಸ್ಟ್‌ಚರ್ಚ್‌ನ ನಮ್ಮ ಫುಟ್‌ಬಾಲ್ ಕ್ಲಬ್ಬಿನ ಆಟಗಾರರು ಒಬ್ಬೊಬ್ಬರಾಗಿ ನನ್ನ ಮುಂದೆ ಬಂದು ಕೂತು, ತಮ್ಮ ತಲೆ ಸರಿಯಿದೆ ಎಂದು ತೋರಿಸಿಕೊಡಬೇಕು. ನಾನು ಅಲ್ಲಿಯ ಫಿಸಿಯೋ. ಹತ್ತು ಪದ ಹೇಳುತ್ತೇನೆ; ಅವರು ನೆನಪಿಟ್ಟುಕೊಂಡು ಹೇಳಬೇಕು. ತಿಂಗಳುಗಳನ್ನು ಡಿಸೆಂಬರ್‌ನಿಂದ ಹಿಂದಕ್ಕೆ ಹೇಳಬೇಕು. ಒಂಟಿ ಕಾಲಿನ ಮೇಲೆ ನಿಲ್ಲಬೇಕು. ಮುಂದೆ ಯಾರ ತಲೆಗಾದರೂ ಏಟು ಬಿದ್ದರೆ ಇದೇ ಪರೀಕ್ಷೆ ಮತ್ತೆ ಮಾಡಿ ಹಳೆಯ ಕಾಗದದೊಂದಿಗೆ ಹೋಲಿಸುತ್ತೇವೆ. ಅಂಕ ಇಳಿದಿದ್ದರೆ ಆಟಗಾರ ಕೆಲವು ವಾರ ಹೊರಗೆ.

ಆಟಗಾರರು ದಡ್ಡರಲ್ಲ. ಅದಕ್ಕೇ ಮೊದಲ ದಿನ ದಡ್ಡರಾಗುತ್ತಾರೆ. ಹಳೆಯ ಕಾಗದವೇ ಕೆಟ್ಟದಾಗಿದ್ದರೆ ಏಟು ಬಿದ್ದ ದಿನ ಅದಕ್ಕಿಂತ ಕೆಳಗೆ ಹೋಗುವ ಭಯವಿಲ್ಲವಲ್ಲ. ಶಾಲೆಯಲ್ಲಿ ಗಣಿತ ಕಲಿಸುವ ನಮ್ಮ ಗೋಲ್‌ಕೀಪರ್‌ಗೆ ಕೂಡ ಫೆಬ್ರವರಿಯ ಆ ಒಂದು ಮಧ್ಯಾಹ್ನ ವರ್ಷಕ್ಕೆ ಎಷ್ಟು ತಿಂಗಳೆಂಬುದು ಮರೆತುಹೋಗುತ್ತದೆ. ಇದು ನನಗೆ ಗೊತ್ತಿತ್ತು. ಕೋಚ್‌ಗೂ ಗೊತ್ತಿತ್ತು. ನಾವು ನಗುತ್ತಾ ಬರೆದುಕೊಳ್ಳುತ್ತಿದ್ದೆವು.

ಆ ವರ್ಷ ಹಾಲೆಂಡಿನಿಂದ ಇಪ್ಪತ್ತೊಂದರ ಒಬ್ಬ ಮಿಡ್‌ಫೀಲ್ಡರ್ ಬಂದ. ಎಂಟನೇ ವಯಸ್ಸಿಗೆ ದೊಡ್ಡ ಕ್ಲಬ್ಬೊಂದು ಅವನನ್ನು ಆರಿಸಿಕೊಂಡಿತ್ತಂತೆ. ಹದಿನಾರಕ್ಕೆ ದೇಶದ ಕಿರಿಯರ ತಂಡ, ಪತ್ರಿಕೆಯಲ್ಲಿ ಚಿತ್ರ. ಹತ್ತೊಂಬತ್ತಕ್ಕೆ ಮೊಣಕಾಲು ಹೋಯಿತು. ಆಮೇಲೆ ಎರಡನೇ ದರ್ಜೆಯ ಕ್ಲಬ್, ಅಲ್ಲಿಂದ ಎರವಲಾಗಿ ಇನ್ನೊಂದು, ಅಲ್ಲಿಯ ಬೆಂಚು. ಕೊನೆಗೆ ಏಜೆಂಟ್ ಭೂಪಟದ ತೀರಾ ಕೆಳಗೆ ಬೆರಳಿಟ್ಟು, "ಇಲ್ಲಿ ಒಂದು ವರ್ಷ ಮಿಂಚು, ವಾಪಸ್ ಕರೆಸ್ಕೊಳ್ತೀನಿ" ಎಂದನಂತೆ. ಹೀಗೆ ಅವನು, ರಗ್ಬಿಗೆ ಆಗದ ಮಕ್ಕಳನ್ನು ಫುಟ್‌ಬಾಲಿಗೆ ಹಾಕುವ ಈ ದೇಶಕ್ಕೆ ಬಂದಿಳಿದ. ನಮ್ಮ ಮೈದಾನ ನೋಡಿ, "ಕುರಿಗಳಿಗೆ ಚೆನ್ನಾಗಿದೆ" ಎಂದ. ಆಟ ನೋಡಲು ಬರುವ ಕನ್ನಡದ ಮಕ್ಕಳು ನನ್ನನ್ನು ಆಂಟಿ ಎಂದು ಕೂಗುವುದನ್ನು ಕೇಳಿ, ಅದು ನನ್ನ ಹುದ್ದೆ ಎಂದುಕೊಂಡು ತಾನೂ ಹಾಗೇ ಕರೆದ.

ಅವನ ಪರೀಕ್ಷೆಯ ದಿನ ಹತ್ತರಲ್ಲಿ ಮೂರು ಪದ ಹೇಳಿದ. ಪಾದದ ಮೇಲೆ ಚೆಂಡು ಕೂರಿಸಿಕೊಂಡು ಹರಟೆ ಹೊಡೆಯುವವನು, ಒಂಟಿ ಕಾಲಿನಲ್ಲಿ ನಿಲ್ಲಲಾರದೆ ನನ್ನ ಕುರ್ಚಿ ಹಿಡಿದುಕೊಂಡ. ತಿಂಗಳುಗಳಲ್ಲಿ ಆಗಸ್ಟ್‌ಗೆ ನಿಂತ.

"ಆಗಸ್ಟ್ ಆದ್ಮೇಲೆ ಏನಪ್ಪಾ?"

"ನಮ್ಮ ಹಾಲೆಂಡಲ್ಲಿ ಬೇಸಿಗೆ ರಜೆ, ಆಂಟಿ."

ನಮ್ಮ ಕ್ಲಬ್ಬಿನ ಡಾಕ್ಟರು ಧಾರವಾಡದವರು. ಸಹಿ ಹಾಕುತ್ತಾ, "ಇವನ ತಲಿ ದೇವ್ರು ಬರೇ ಬಾಲ್ ಹೊಡೀಲಿಕ್ಕೆ ಕೊಟ್ಟಾನ ನೋಡ್ರಿ" ಎಂದರು.

ಜುಲೈ ತಿಂಗಳ ಒಂದು ಪಂದ್ಯವನ್ನು ಹಾಲೆಂಡಿನ ಕ್ಲಬ್ಬೊಂದು ನೇರ ಪ್ರಸಾರದಲ್ಲಿ ನೋಡಲಿತ್ತು. ಇಷ್ಟವಾದರೆ ಅವನನ್ನು ಕರೆಸಿಕೊಳ್ಳುತ್ತಾರೆ. ಏಜೆಂಟ್ ಅವನಿಗೆ ಹೇಳಿದ್ದ, ಅವನು ನಮಗೆಲ್ಲ ಹೇಳಿದ್ದ.

ನಾನು ನೋಡಿದ್ದನ್ನು ಕ್ರಮವಾಗಿ ಬರೆಯುತ್ತೇನೆ. ಎತ್ತರದಿಂದ ಬಂದ ಚೆಂಡಿಗೆ ಅವನೂ ಎದುರು ತಂಡದವನೊಬ್ಬನೂ ಹಾರಿದರು. ತಲೆಗೆ ತಲೆ ಬಡಿಯಿತು. ಅವನು ಬೆನ್ನ ಮೇಲೆ ಬಿದ್ದ. ಅವನ ಬಲಗೈ ಮೇಲೆದ್ದು, ಮೊಣಕೈ ಮಡಚದೆ, ಸೆಟೆದು ನಿಂತಿತು. ಎರಡು ಸೆಕೆಂಡು, ಮೂರು ಅಲ್ಲ. ಆಮೇಲೆ ಬಿತ್ತು. ಎಲ್ಲರೂ ಚೆಂಡನ್ನು ನೋಡುತ್ತಿದ್ದರು, ಕ್ಯಾಮೆರಾ ಕೂಡ. ಕೈ ಹಾಗೆ ಸೆಟೆದರೆ ಪರೀಕ್ಷೆಯ ಅಗತ್ಯವೇ ಇಲ್ಲ. ಮಿದುಳಿಗೆ ಏಟಾಗಿದೆ, ಆಟಗಾರ ಹೊರಗೆ. ಇದು ನಮ್ಮ ಕಲಿಕೆಯ ಮೊದಲ ಪಾಠಗಳಲ್ಲೊಂದು.

ಮೈದಾನದ ಪಕ್ಕ ನಿಂತಿದ್ದ ಕೋಚ್‌ನ ಯೂಟ್, ಅಂದರೆ ಪಿಕಪ್ ಗಾಡಿಯ, ತೆರೆದ ಹಿಂಬದಿಯಲ್ಲಿ ಕೂರಿಸಿ ಪರೀಕ್ಷೆ ಮಾಡಿದೆ. ಮೂರು ಪದ. ಡಿಸೆಂಬರ್, ನವೆಂಬರ್, ಅಕ್ಟೋಬರ್, ಸೆಪ್ಟೆಂಬರ್, ಆಗಸ್ಟ್. ಅಲ್ಲಿ ನಿಂತ. ಈ ಸಲ ಬೇಸಿಗೆ ರಜೆಯ ಮಾತು ಬರಲಿಲ್ಲ. ತುಟಿ ಅಲ್ಲಾಡುತ್ತಿತ್ತು, ಅಷ್ಟೇ.

ಕೋಚ್ ಹಳೆಯ ಕಾಗದವನ್ನು ಹೊಸದರ ಪಕ್ಕದಲ್ಲಿಟ್ಟು ನೋಡಿ ಕುಣಿದಾಡಿದ. "ಅಚ್ಚು ಅದೇ! ಏನೂ ಹಾಳಾಗಿಲ್ಲ, ಇದ್ದದ್ದೇ ಇಷ್ಟು!" ಎಲ್ಲರೂ ನಕ್ಕರು. ನಾನೂ ನಕ್ಕೆ.

ಡಾಕ್ಟರು ಮಾತ್ರ ನನ್ನ ಕಡೆ ತಿರುಗಿ ಕನ್ನಡದಲ್ಲಿ ಕೇಳಿದರು: "ನೀವು ಹತ್ರ ಇದ್ರಿ. ಬ್ಯಾರೆ ಏನರೆ ಕಂಡಿತೇನ್ರಿ?"

ಹುಡುಗನಿಗೆ ಭಾಷೆ ಬರುವುದಿಲ್ಲ. ಆದರೂ ಪ್ರಶ್ನೆ ಅವನಿಗೆ ತಿಳಿದಿತ್ತು. ನನ್ನನ್ನೇ ನೋಡುತ್ತಿದ್ದ.

"ಇಲ್ಲ ಡಾಕ್ಟ್ರೇ" ಎಂದೆ.

ಅವನು ಪಂದ್ಯ ಮುಗಿಯುವವರೆಗೂ ಆಡಿದ. ಗೆಲುವಿನ ಗೋಲಿಗೆ ಪಾಸ್ ಕೊಟ್ಟವನೂ ಅವನೇ. ಕಾಲಿಗೆ ಅದರದೇ ನೆನಪಿರುತ್ತದೆಯೋ ಏನೋ. ದಿನದ ಉತ್ತಮ ಆಟಗಾರನಿಗೆ ನಮ್ಮಲ್ಲಿ ಒಂದು ತಟ್ಟೆ ಕುರಿಮಾಂಸ ಕೊಡುವ ಪದ್ಧತಿ. ಅದನ್ನು ಎದೆಗವಚಿಕೊಂಡು ಚಪ್ಪಾಳೆಯ ನಡುವೆ ನನ್ನ ಬಳಿ ಬಂದು ಮೆಲ್ಲಗೆ ಕೇಳಿದ.

"ಆಂಟಿ, ನಾವು ಗೆದ್ವಾ?"

ನಾನು ಡಾಕ್ಟರ ಬಳಿ ಓಡಿದೆ. "ಅವನ ಕೈ ಸೆಟೆದಿತ್ತು ಡಾಕ್ಟ್ರೇ. ನಾನು ನೋಡಿದ್ದೆ."

ಅವರು ಕಾರಿನ ಕೀಲಿ ತೆಗೆದುಕೊಳ್ಳುತ್ತಲೇ ಕೇಳಿದರು. "ಆವಾಗ ಯಾಕ ಹೇಳಲಿಲ್ರಿ?"

ಆಸ್ಪತ್ರೆಯ ದಾರಿಯಲ್ಲಿ ಅವನು ಎರಡು ಸಲ ವಾಂತಿ ಮಾಡಿದ. ವರದಿಯಲ್ಲಿ ನಾನು ಎಲ್ಲವನ್ನೂ ಬರೆದೆ: ಕೈ, ಫೆಬ್ರವರಿಯ ಸುಳ್ಳು ಕಾಗದ, ನನ್ನ "ಇಲ್ಲ". ಹಾಲೆಂಡಿನ ಕ್ಲಬ್ ವರದಿ ತರಿಸಿಕೊಂಡು, ಬೇಗ ಗುಣವಾಗಲಿ ಎಂದು ಹಾರೈಸಿತು. ಮತ್ತೆ ಬರೆಯಲಿಲ್ಲ. ಏಜೆಂಟ್ ಅಷ್ಟನ್ನೂ ಮಾಡಲಿಲ್ಲ. ನನ್ನ ವರದಿಯಿಂದ ತಂಡದ ಹುರುಪು ಕುಗ್ಗಿತೆಂದು ಕೋಚ್ ಬೇಸರಪಟ್ಟುಕೊಂಡ.

ಅಕ್ಟೋಬರ್‌ನಲ್ಲಿ, ಊರಿಗೆ ಹೊರಡುವ ಮುನ್ನ, ಅವನು ನನ್ನ ಕೋಣೆಗೆ ಬಂದ. ನಾನು ಹೇಳದೆಯೇ ಒಂಟಿ ಕಾಲಿನ ಮೇಲೆ ನಿಂತು ಕಣ್ಣು ಮುಚ್ಚಿದ. ಡಿಸೆಂಬರ್‌ನಿಂದ ಜನವರಿಯವರೆಗೆ, ಹನ್ನೆರಡನ್ನೂ ಒಂದೂ ತಪ್ಪಿಲ್ಲದೆ ಹೇಳಿದ. ಆಗಸ್ಟ್ ದಾಟುವಾಗ ಸ್ವಲ್ಪ ನಿಧಾನ.

"ಬರ್ಕೊಳ್ಳಿ."

ಹೊಸ ಕಾಗದ ತೆಗೆದು ಬರೆದೆ. ಅವನು ಬಗ್ಗಿ ನೋಡಿದ. ತಾರೀಖಿನ ಜಾಗ ಖಾಲಿಯಿತ್ತು.

"ಫೆಬ್ರವರಿ ಅಂತ ಹಾಕೋಕಾಗಲ್ವಾ, ಆಂಟಿ?"

ಅವನು ನಗುತ್ತಿದ್ದ. ನಾನು ಅಕ್ಟೋಬರ್ ಎಂದು ಬರೆದು, ಕಾಗದವನ್ನು ಅವನ ಕೈಗೆ ಕೊಟ್ಟೆ.